ಫ್ಲ್ಯಾಶ್‌ಬ್ಯಾಕಿಗಾಗಿ ಉಳಿಸಿಕೊಂಡ ಮೀಸೆ

ನನ್ನ ಮೀಸೆಯನ್ನು ನೀವು ನೋಡಿರುತ್ತೀರಿ. ಮುಖ ನೆನಪಿರಲಿಕ್ಕಿಲ್ಲ. ಹೆಸರಂತೂ ಗೊತ್ತಿರುವುದೇ ಇಲ್ಲ, ಟೈಟಲ್ ಕಾರ್ಡಿನಲ್ಲಿ ಅದು ಓದುವಷ್ಟು ಹೊತ್ತು ನಿಂತದ್ದೇ ಇಲ್ಲ. ಆದರೆ ನಾಯಕಿಯ ಸೋದರಮಾವ, ಗೌಡರ ಮನೆಯ ಕಾರಭಾರಿ, ಠಾಣೆಯ ಮುದಿ ಹೆಡ್ ಕಾನ್‌ಸ್ಟೇಬಲ್, ಮದುವೆ ಮಂಟಪದಲ್ಲಿ ತಕರಾರು ತೆಗೆದು ಬೈಸಿಕೊಳ್ಳುವ ಬೀಗ, ಹೀಗೆ ಇಪ್ಪತ್ತೆರಡು ವರ್ಷ ಈ ಮೀಸೆ ಸಿನಿಮಾಗಳಲ್ಲಿ, ಧಾರಾವಾಹಿಗಳಲ್ಲಿ ಓಡಾಡಿದೆ. ಅದರ ಹಿಂದೆ ನಾನೂ ಓಡಾಡಿದ್ದೇನೆ. ಊರ ಕಡೆಯ ಬಸ್ಸಿನಲ್ಲಿ ಯಾರಾದರೂ ದಿಟ್ಟಿಸಿ ನೋಡಿ, "ನಿಮ್ಮನ್ನ ಎಲ್ಲೋ ನೋಡೇನ್ರಿ. ಸಿಂದಗಿ ಕರೆಂಟ್ ಆಫೀಸ್‌ನ್ಯಾಗ ಇದ್ರೇನು?" ಎಂದು ಕೇಳುತ್ತಾರೆ. ಹೌದು ಎಂದುಬಿಡುತ್ತೇನೆ. ಬಿಡಿಸಿ ಹೇಳುತ್ತ ಕೂಡುವ ತಾಳ್ಮೆ ನನಗಿಲ್ಲ.

ಈ ಮೀಸೆಗಾಗಿ ನಾನು ಮಾಡಿದ ಒಂದು ಕೆಲಸವನ್ನು ಬರೆಯಬೇಕು. ಬರೆದರೆ ಎದೆ ಹಗುರಾಗುತ್ತದೆ ಎಂಬ ಆಸೆಯೇನೂ ಇಲ್ಲ. ಅಪ್ಪ ತೀರಿಕೊಂಡಾಗ ನಾನು ತಲೆ ಬೋಳಿಸಲಿಲ್ಲ, ಮೀಸೆ ತೆಗೆಸಲಿಲ್ಲ. ಅಂದಿನಿಂದ ಅವ್ವ ಆ ವಿಷಯ ಎತ್ತಿಲ್ಲ. ಬೈಯಲಿಲ್ಲ, ಅಳಲಿಲ್ಲ, "ಹೋಗ್ಲಿ ಬಿಡು" ಎಂದೂ ಅನ್ನಲಿಲ್ಲ. ಆ ಎರಡು ಶಬ್ದ ಅವಳ ಬಾಯಿಂದ ಬರಲಿ ಎಂದು ನಾನು ಕಾಯುತ್ತ ಬಂದೆ. ಅವಕಾಶಕ್ಕಾಗಿ ಕೂಡ ಅಷ್ಟು ಕಾದವನಲ್ಲ.

ಅಪ್ಪ ಹೈಸ್ಕೂಲ್ ಮಾಸ್ತರ. ಸಿಂದಗಿ, ಮುದ್ದೇಬಿಹಾಳ, ಬಾಗೇವಾಡಿ ಎಂದು ವರ್ಗವಾಗುತ್ತ ಹೋಗಿ ಕಡೆಗೆ ಸ್ವಂತ ಊರು ಇಂಡಿಗೆ ಬಂದು ನಿವೃತ್ತನಾದ. ನಮ್ಮದು ಅಡಿಗೆಮನೆಯಲ್ಲಿ ಕನ್ನಡ, ದೇವರಮನೆಯಲ್ಲಿ ಸಂಸ್ಕೃತ, ಸೋಲಾಪುರದ ಬೀಗರು ಬಂದರೆ ಮರಾಠಿ ಆಡುವ ವೈಷ್ಣವ ಮನೆತನ. ಮಡಿ, ಏಕಾದಶಿ, ಶ್ರಾದ್ಧ, ಎಲ್ಲ ಕಟ್ಟುನಿಟ್ಟು. ಇಂಥ ಮನೆಯ ಹಿರಿಮಗ ಡಿಗ್ರಿ ಮುಗಿಸಿ ಮುಖಕ್ಕೆ ಬಣ್ಣ ಹಚ್ಚುತ್ತೇನೆಂದು ಬೆಂಗಳೂರಿಗೆ ಹೊರಟರೆ ತಂದೆಯಾದವನು ಹಣೆ ಹಣೆ ಬಡಿದುಕೊಳ್ಳಬೇಕಿತ್ತು. ಅಪ್ಪ ಬಡಿದುಕೊಳ್ಳಲಿಲ್ಲ, ಯಾಕೆಂದರೆ ಹುಚ್ಚು ಹಿಡಿಸಿದವನೇ ಅವನು.

ಮುದ್ದೇಬಿಹಾಳದ ಸಾಲೆಯಲ್ಲಿ ಗ್ಯಾದರಿಂಗ್. ವಾರ್ಷಿಕೋತ್ಸವಕ್ಕೆ ನಮ್ಮ ಕಡೆ ಹಾಗೇ ಅನ್ನುವುದು. ನಾನು ಆಗ ಏಳನೆಯ ಇಯತ್ತೆ, ಅಂದರೆ ಏಳನೆಯ ಕ್ಲಾಸು, ನಾಟಕದಲ್ಲಿ ಸೇನಾಪತಿ, ಮಾತು ಎರಡೇ. ಅಪ್ಪ ಕುರಿಯ ಕರಿ ಉಣ್ಣೆ ತಂದು, ಕತ್ತರಿಸಿ, ಅಂಟು ಹಚ್ಚಿ, ನನ್ನ ತುಟಿಯ ಮೇಲೆ ತನ್ನ ಕೈಯಾರೆ ಮೀಸೆ ಕೂರಿಸಿದ. ಎರಡೂ ತುದಿ ತಿರುವಿ, ಹಿಂದೆ ಸರಿದು ನೋಡಿದ.

"ನಗಬ್ಯಾಡ. ನಕ್ಕಿ ಅಂದ್ರ ಬಿದ್ದು ಹೋಗ್ತದ," ಎಂದ.

ನಾನು ನಗಲಿಲ್ಲ. ನಾಟಕ ಮುಗಿದರೂ ನಗಲಿಲ್ಲ, ಮನೆಗೆ ಬಂದು ಮೀಸೆ ಹಚ್ಚಿಕೊಂಡೇ ಉಂಡೆ. ಅಪ್ಪ ಅವ್ವನಿಗೆ, "ನೋಡು, ಇವನ ಮುಖಕ್ಕ ಮೀಸಿ ಹ್ಯಾಂಗ ಒಪ್ತದ," ಎಂದು ಹೇಳಿದ. ಅವನು ನನ್ನ ಬಗ್ಗೆ ಹೇಳಿದ ಎಷ್ಟೋ ಒಳ್ಳೆಯ ಮಾತು ಮರೆತಿದ್ದೇನೆ, ಇದನ್ನು ಮರೆತಿಲ್ಲ.

ಬೆಂಗಳೂರಿನ ಕಥೆ ದೊಡ್ಡದೇನಲ್ಲ. ನನ್ನಂಥವರನ್ನು ಪೋಷಕ ನಟರು ಎನ್ನುತ್ತಾರೆ. ನಾವು ಯಾರನ್ನು ಪೋಷಿಸುತ್ತೇವೋ ಆ ದೇವರಿಗೇ ಗೊತ್ತು! ಗಂಭೀರ ಪಾತ್ರವಾದರೆ ನನ್ನ ಮಾತು ತಿದ್ದುತ್ತಿದ್ದರು, ತಮಾಷೆಯಾದರೆ, "ಸ್ವಲ್ಪ ನಿಮ್ಮ ಗುಲ್ಬರ್ಗಾ ಭಾಷೇಲಿ ಹೇಳಿ ಸರ್," ಎನ್ನುತ್ತಿದ್ದರು. ನಾನು ಇಂಡಿಯವನಪ್ಪಾ, ಗುಲ್ಬರ್ಗಾ ಬೇರೆ, ಅಲ್ಲಿಯ ಮಾತು ಬೇರೆ, ಎಂದರೆ ಯಾರಿಗೆ ಬೇಕು? ತುಮಕೂರು ದಾಟಿದ ಮೇಲೆ ಎಲ್ಲ ಒಂದೇ ಊರು ಅವರಿಗೆ. ಒಂದು ಸಲ ಸಿಟ್ಟಿಗೆದ್ದು ಸೆಟ್ಟಿನಿಂದ ಎದ್ದು ಬಂದೆ. ಬಾಗಿಲವರೆಗೂ ಯಾರೂ ಕರೆಯಲಿಲ್ಲ. ಆಮೇಲೆ ನಾನೇ ತಿರುಗಿ ಹೋಗಿ ಕೂತೆ.

ಕಡೆಗೆ ಒಂದು ದಿನವಹಿ ಧಾರಾವಾಹಿಯಲ್ಲಿ ನಾಯಕಿಯ ತಂದೆಯ ಪಾತ್ರ ಸಿಕ್ಕಿತು. ಮೀಸೆ ನೋಡಿಯೇ ಆರಿಸಿದ್ದು. ಏಳೆಂಟು ತಿಂಗಳು ಚಲೋ ನಡೆಯಿತು, ಇಂಡಿಯಲ್ಲಿ ಅವ್ವ ಆ ಹೊತ್ತಿಗೆ ಸರಿಯಾಗಿ ಸಂಜೆಯ ದೀಪ ಹಚ್ಚಿ ಟೀವಿ ಮುಂದೆ ಕೂಡುತ್ತಿದ್ದಳು. ಆಮೇಲೆ ಕಥೆಗೆ ಬಿಸಿ ಸಾಲದೆಂದು ನನ್ನನ್ನು ಕಾರು ಅಪಘಾತದಲ್ಲಿ ಕೊಂದರು. ಮರುದಿನದಿಂದ ಆ ಧಾರಾವಾಹಿಯ ಮನೆಯ ಹಜಾರದಲ್ಲಿ ನನ್ನ ಫೋಟೋ, ಅದಕ್ಕೆ ಗಂಧದ ಹಾರ. ನಾಯಕಿ ಕಷ್ಟ ಬಂದಾಗಲೆಲ್ಲ ಅದರ ಮುಂದೆ ನಿಂತು ಅಳಬೇಕು. ಅವಳಿಗೆ ದಿನಾ ಕಷ್ಟ ಬರುತ್ತಿತ್ತು.

ಬದುಕಿರುವ ಮಗನ ಫೋಟೋಕ್ಕೆ ಹಾರ! ಅವ್ವನ ಜೀವ ಹಾರಿಹೋಯಿತು. ಧಾರಾವಾಹಿಯವರಿಗೆ ಫೋನ್ ಮಾಡಿ ತೆಗೆಸು ಎಂದು ಗಂಟುಬಿದ್ದಳು. ಆಗದು ಎಂದ ಮೇಲೆ ತಾನೇ ಒಂದು ಪರಿಹಾರ ಹುಡುಕಿಕೊಂಡಳು. ಫೋಟೋ ತೆರೆಯ ಮೇಲೆ ಬಂದಾಗಲೆಲ್ಲ ಎದ್ದು ಹೋಗಿ, ಟೀವಿಯ ಮೇಲೆ ಎರಡೂ ಕೈ ಇಳಿಸಿ, ಕೆನ್ನೆಗೆ ಒತ್ತಿ ನೆಟಿಗೆ ಮುರಿಯುತ್ತಿದ್ದಳು. ಅಪ್ಪ ಮಾತ್ರ ಹೊಟ್ಟೆ ಹಿಡಿದು ನಗುತ್ತಿದ್ದ. ಫೋನಿನಲ್ಲಿ ನನಗೆ, "ಭಾಳ ಪ್ರಾಮಾಣಿಕ ಮನಷ್ಯಾ ಇದ್ದೀಯಪಾ. ಸತ್ತ ಮ್ಯಾಲೂ ದಿನಾ ಡ್ಯೂಟಿಗೆ ಹಾಜರ," ಎಂದ.

ಹಾರದ ಹಿಂದೆ ಒಂದು ಆಸೆಯನ್ನೂ ತೂಗುಹಾಕಿದ್ದರು. ಕೊನೆಯ ದಿನ ಸಹನಿರ್ದೇಶಕಿ ನನ್ನ ಎಡ ಬಲ ಮಗ್ಗಲಿನ ಫೋಟೋ ಮೊಬೈಲಿನಲ್ಲಿ ತೆಗೆದುಕೊಂಡು, "ಸರ್, ನಿಮ್ಮದೊಂದು ದೊಡ್ಡ ಫ್ಲ್ಯಾಶ್‌ಬ್ಯಾಕ್ ಬರುತ್ತೆ. ತಂದೆ ಮಗಳನ್ನ ಹೇಗೆ ಸಾಕಿದ ಅಂತ ಪೂರ್ತಿ ಕಥೆ. ಕೂದಲು ಮೀಸೆ ಹೀಗೇ ಇರಲಿ, ಕಂಟಿನ್ಯುಯಿಟಿಗೆ ಬೇಕು," ಎಂದಿದ್ದಳು. ಸತ್ತವನು ಮತ್ತೆ ಕಂಡಾಗ ಹಿಂದಿನ ಹಾಗೇ ಕಾಣಬೇಕು, ಅಷ್ಟೇ ಅದರ ಅರ್ಥ. ನಾನು ಒಂದೇ ಅಳತೆಗೆ ಕೂದಲು ಕತ್ತರಿಸಿಕೊಳ್ಳುತ್ತ, ಮೀಸೆಗೆ ಎಣ್ಣೆ ತೀಡುತ್ತ ಕಾದೆ. ಮೀಸೆ ಬೇಡ ಎಂದ ಎರಡು ಪಾತ್ರ ಬಿಟ್ಟೆ. ಅಷ್ಟು ವರ್ಷ ಬೇರೆಯವರ ಕಥೆಯಲ್ಲಿ ಬಾಗಿಲು ತೆಗೆದವನಿಗೆ ತನ್ನದೇ ಒಂದು ಕಥೆ ಅಂದರೆ ಸಣ್ಣ ಆಸೆಯೇ?

ಅಷ್ಟರಲ್ಲಿ ಅಪ್ಪ ಹೋದ. ಬೇಸಗೆಯ ಒಂದು ಬೆಳಿಗ್ಗೆ ಪೂಜೆಗೆ ಹೂ ಬಿಡಿಸಲು ಹೋದವನು ಹಿತ್ತಲಲ್ಲೇ ಕುಸಿದನಂತೆ. ಬೆಂಗಳೂರಿನಿಂದ ನಾನು ಇಂಡಿ ಮುಟ್ಟುವುದು ಮರುದಿನವೇ. ಆ ಬಿಸಿಲಿಗೆ ದೇಹ ಇಡುವಂತಿರಲಿಲ್ಲ. ಬಾಗೇವಾಡಿಯಲ್ಲಿ ಮಾಸ್ತರನಾಗಿರುವ ನನ್ನ ತಮ್ಮ ಮಧ್ಯಾಹ್ನಕ್ಕೆ ಬಂದು, ತಲೆ ಮೀಸೆ ತೆಗೆಸಿಕೊಂಡು ಬೆಂಕಿ ಕೊಟ್ಟಿದ್ದ. ನಾನು ಬಂದಾಗ ಜಗಲಿಯ ಮೇಲೆ ಅವನ ಬೋಳುತಲೆ ಕಂಡಿತು. ಆ ಕ್ಷಣ ಅಪ್ಪನೇ ಕೂತಿದ್ದಾನೆ ಎನ್ನಿಸಿತು.

ನಮ್ಮಲ್ಲಿ ಉಳಿದ ಗಂಡುಮಕ್ಕಳು ಹತ್ತನೆಯ ದಿನ ಕೂದಲು ಕೊಡಬೇಕು. ಅದರಲ್ಲಿ ಯಾರೂ ಕೇಳುವುದು, ಹೇಳುವುದು ಇಲ್ಲ. ನಾನೂ ಹಾಗೇ ಅಂದುಕೊಂಡಿದ್ದೆ, ಆಣೆ ಮಾಡಿ ಹೇಳುತ್ತೇನೆ. ಮಾತಾಡಿಸಲು ಬಂದವರೊಂದಿಗೆ ದಿನ ಹೋಗುತ್ತಿದ್ದವು. ಗೊಳಸಂಗಿಯಿಂದ ಅಪ್ಪನ ಹಳೆಯ ವಿದ್ಯಾರ್ಥಿನಿಯೊಬ್ಬಳು ಬಂದು ಅತ್ತು, ಕಣ್ಣೊರೆಸಿಕೊಂಡು ತಲೆ ಎತ್ತಿದವಳು ನನ್ನನ್ನು ಕಂಡು, "ಅಯ್ಯ ಶಿವನ! ನೀವು ಹೋದ ವರ್ಷನ ಸತ್ತೀರಲ್ರಿ!" ಎಂದಳು. ಆ ಸೂತಕದ ಮನೆಯಲ್ಲಿ ಅವ್ವ ಕೂಡ ಸೆರಗು ಬಾಯಿಗೆ ಒತ್ತಿಕೊಂಡು ನಕ್ಕಳು. ಅವಳು ನನ್ನ ಕಾರಣಕ್ಕೆ ನಕ್ಕದ್ದು ಅದೇ ಕೊನೆ.

ಎಂಟನೆಯ ದಿನ ಸಹನಿರ್ದೇಶಕಿಯ ಫೋನ್ ಬಂತು.

"ಸರ್, ಫ್ಲ್ಯಾಶ್‌ಬ್ಯಾಕ್ ಓಕೆ ಆಯ್ತು! ಮುಂದಿನ ವಾರ, ನಾಲ್ಕು ದಿನ ಕೆಲಸ. ಗೆಟಪ್ ಹಾಗೇ ಇದೆ ತಾನೆ?"

ಅಪ್ಪ ತೀರಿಕೊಂಡದ್ದು ಹೇಳಿದೆ. ಪಾಪ, ನಿಜವಾಗಿ ಮರುಗಿದಳು. ಆಮೇಲೆ ಮೆಲ್ಲಗೆ ಕೇಳಿದಳು, "ನಿಮ್ಮಲ್ಲಿ ತಲೆ ಬೋಳಿಸ್ತಾರಾ ಸರ್?"

"ಹೌದು. ವಿಗ್ ಹಾಕಬಹುದಲ್ಲ?"

"ಕ್ಲೋಸಪ್‌ನಲ್ಲಿ ಗೊತ್ತಾಗಿಬಿಡುತ್ತೆ. ಡೈರೆಕ್ಟರ್ ಕೇಳಿ ಹೇಳ್ತೀನಿ ಇರಿ."

ಮಧ್ಯಾಹ್ನ ಮತ್ತೆ ಫೋನ್ ಬಂತು. "ಬೋಳಿಸಿದ್ರೆ ಫ್ಲ್ಯಾಶ್‌ಬ್ಯಾಕ್ ಬೇಡವೇ ಬೇಡ, ಕಥೆ ಬದಲಿಸ್ತೀವಿ ಅಂತಿದ್ದಾರೆ ಸರ್. ನಿಮ್ಮ ಇಷ್ಟ."

ನಿಮ್ಮ ಇಷ್ಟ! ಕುತ್ತಿಗೆಗೆ ಚೂರಿ ಇಟ್ಟು ಇಷ್ಟ ಕೇಳುವುದು ಅಂದರೆ ಇದು. ಆದರೂ ಅವಳ ಮೇಲೆ, ನಿರ್ದೇಶಕನ ಮೇಲೆ ತಪ್ಪು ಹೊರಿಸಿ ಪಾರಾಗಲು ನನಗೆ ನಾಚಿಕೆಯಾಗುತ್ತದೆ. ಅವರು ಕೇಳಿದರು, ಒಪ್ಪಿದವನು ನಾನು. ಹೊಟ್ಟೆಪಾಡು ಎಂದೂ ಹೇಳಲಾರೆ, ಹೆಂಡತಿಯ ನೌಕರಿಯಲ್ಲಿ ಮನೆ ನಡೆಯುತ್ತಿತ್ತು. ಆಸೆ. ಬರೀ ಆಸೆ. ನಾಲ್ಕು ದಿನ ಕ್ಯಾಮೆರಾ ನನ್ನ ಮುಖ ನೋಡುತ್ತದೆ ಎಂಬ ಆಸೆ.

ತಮ್ಮನನ್ನು ಹಿತ್ತಲಿಗೆ ಕರೆದು ಹೇಳಿದೆ. ಅವನು ನನ್ನಂತೆ ಕೂಗಾಡುವವನಲ್ಲ. ಬೋಳುತಲೆಯ ಮೇಲೆ ಒಮ್ಮೆ ಕೈಯಾಡಿಸಿ, "ನನಗ್ಯಾಕ ಹೇಳ್ತೀ ಅಣ್ಣಾ? ಅವ್ವಗ ನೀನಽ ಹೇಳು," ಎಂದು ಒಳಗೆ ಹೋದ.

ಅವ್ವ ನಡುಮನೆಯ ಗೋಡೆಗೆ ಒರಗಿ ಕೂತಿದ್ದಳು. ನಾನು ಅವಳ ಮುಂದೆ ಕೂತು ಎಲ್ಲ ಹೇಳಿದೆ. ಫ್ಲ್ಯಾಶ್‌ಬ್ಯಾಕ್ ಅಂದರೇನು, ಕಂಟಿನ್ಯುಯಿಟಿ ಅಂದರೇನು, ಎಲ್ಲ. ಅಪ್ಪನಿಗೂ ಈ ಕಥೆ ನೋಡುವ ಆಸೆಯಿತ್ತು ಎಂದು ಒಂದು ಸುಳ್ಳನ್ನೂ ಸೇರಿಸಿದೆ. ಕೇಳಿಸಿಕೊಂಡು ಅವಳು ಸರಳವಾಗಿ ಕೇಳಿದಳು:

"ಕೂದ್ಲಾ ಮತ್ತ ಬರ್ತಾವಲ್ಲೋ?"

"ಕೂದ್ಲಾ ಬರ್ತಾವ ಅವ್ವಾ. ಆ ಪಾತ್ರ ಮತ್ತ ಬರೂದಿಲ್ಲ."

ಅವ್ವ ಮುಖ ಆ ಕಡೆ ತಿರುಗಿಸಿದಳು. ಅಷ್ಟೇ. ಅವಳು ಆ ವಿಷಯ ಆಡಿದ್ದು ಅಷ್ಟೇ.

ಹತ್ತನೆಯ ದಿನ ಊರ ಹೊರಗಿನ ಬಾವಿಯ ಹತ್ತಿರ ಕರ್ಮ. ಸೋಲಾಪುರದಿಂದ ಬಂದ ಕಾಕಾನ ಮಕ್ಕಳು, ಅಪ್ಪನನ್ನು ವರ್ಷಕ್ಕೊಮ್ಮೆ ಕಂಡವರು, ಸಾಲಾಗಿ ಕೂತು ತಲೆ ಕೊಟ್ಟರು. ನಮ್ಮ ಓಣಿಯ ಹಡಪದ ಮುದುಕ, ನನ್ನ ಬಾಲ್ಯದಿಂದ ನನ್ನ ಕೂದಲು ಕತ್ತರಿಸಿದವನು, ಬಟ್ಟಲಲ್ಲಿ ಹೊಸ ನೀರು ತುಂಬಿಕೊಂಡು, "ಬರ್ರಿ ಅಣ್ಣಾರ, ನಿಮ್ಮದೊಂದ ಉಳದೈತಿ," ಎಂದು ಕರೆದ. ನಾನು ಅಲ್ಲಾಡಲಿಲ್ಲ. ನನಗೆ ಕೇಳಿಸಲಿಲ್ಲವೇನೋ ಎಂದು ಮತ್ತೆ ಕರೆದ. ಪುರೋಹಿತರು ನಡುವೆ ಬಾಯಿ ಹಾಕಿ, ನಾಲ್ಕೆಳೆ ಕತ್ತರಿಸಿದರೆ ಸಾಕು, ಉಳಿದದ್ದಕ್ಕೆ ಪ್ರಾಯಶ್ಚಿತ್ತ ಸಂಕಲ್ಪ ಮಾಡಿಸುತ್ತೇನೆ ಎಂದರು. ಹಡಪದ ಮುದುಕ ಕಿವಿಯ ಹಿಂದಿನ ನಾಲ್ಕು ಕೂದಲು ಕತ್ತರಿಸಿ, ನನ್ನ ಮುಖ ನೋಡದೆ ಸಾಮಾನು ಕಟ್ಟಿಕೊಂಡ. ಕ್ಯಾಮೆರಾಕ್ಕೆ ಕಾಣದ ಜಾಗದಿಂದ ಕತ್ತರಿಸಲು ನಾನೇ ಹೇಳಿದ್ದೆ.

ಆಮೇಲೆ ಪಿಂಡ ಇಟ್ಟು ಕಾಗೆಗಾಗಿ ಕಾದೆವು. ಸತ್ತವರಿಗೆ ಅತೃಪ್ತಿ ಇದ್ದರೆ ಕಾಗೆ ಮುಟ್ಟುವುದಿಲ್ಲ ಎಂದು ನಮ್ಮವರ ನಂಬಿಕೆ. ಎಲ್ಲರ ಕಣ್ಣೂ ನನ್ನ ಮೀಸೆಯ ಮೇಲೆ. ಕಾಗೆ ಬರದಿರಲಿ, ಎಲ್ಲರೂ ನನಗೆ ಛೀ ಥೂ ಎನ್ನಲಿ, ಆಗಲಾದರೂ ಕ್ಷೌರಕ್ಕೆ ಕೂತುಬಿಡುತ್ತೇನೆ ಎಂದು ಒಳಗೊಳಗೇ ಬೇಡಿಕೊಂಡೆ. ಆದರೆ ಕಾಗೆ ಕೂಡಲೇ ಬಂತು, ತಿಂದು ಹೋಯಿತು. ಅಪ್ಪ ಬದುಕಿದ್ದಾಗಲೂ ಹಾಗೇ. ಒಂದು ಸಲವೂ ನನಗೆ ಬೇಡ ಎಂದವನಲ್ಲ.

ಬೆಂಗಳೂರಿಗೆ ಹೋದೆ. ನಾಯಕಿಗೆ ಜ್ವರ ಎಂದು ಫ್ಲ್ಯಾಶ್‌ಬ್ಯಾಕ್ ಒಂದು ವಾರ ಮುಂದೆ ಹೋಯಿತು. ಆಮೇಲೆ ಹಬ್ಬದ ಕಂತುಗಳಿವೆ ಎಂದರು. ಆಮೇಲೆ ಫೋನ್ ಎತ್ತುವುದು ಕಡಿಮೆಯಾಯಿತು. ಎರಡು ತಿಂಗಳಿಗೆ ಫ್ಲ್ಯಾಶ್‌ಬ್ಯಾಕ್ ಬಂದೇ ಬಂತು. ಹಳೆಯ ಕಂತುಗಳಿಂದಲೇ ನಾಲ್ಕು ತುಣುಕು ಆರಿಸಿ, ಬಣ್ಣ ಮಾಸಿಸಿ, ಹಿಂದೆ ವೀಣೆ ಬಾರಿಸಿ ಮುಗಿಸಿದ್ದರು. ಅದಕ್ಕೆ ನಾನು ಬೇಕಾಗಿರಲಿಲ್ಲ, ನನ್ನ ಮೀಸೆಯೂ ಬೇಕಾಗಿರಲಿಲ್ಲ. ಮುಂದೆ ಒಂದು ಸಂಜೆ ನೋಡುತ್ತೇನೆ, ಕಥೆ ಐದು ವರ್ಷ ಮುಂದೆ ಹಾರಿದೆ, ಹಜಾರಕ್ಕೆ ಹೊಸ ಸುಣ್ಣ ಬಳಿದಿದ್ದಾರೆ, ನನ್ನ ಫೋಟೋ ಇದ್ದ ಜಾಗದಲ್ಲಿ ಗಡಿಯಾರ. ನಾನು ಅವ್ವನಿಗೆ ಫೋನ್ ಮಾಡಿ ಹಾರದ ಫೋಟೋ ತೆಗೆದರು ಎಂದೆ. "ಹೌದೇನು? ನಾ ಅದನ್ನ ನೋಡೂದು ಬಿಟ್ಟೀನಲ್ಲ," ಎಂದಳು. ಅಪ್ಪನ ನಂತರ ಅವಳು ಬಾಗೇವಾಡಿಯಲ್ಲಿ ತಮ್ಮನ ಮನೆಯಲ್ಲಿದ್ದಳು. ಅಷ್ಟು ತಿಂಗಳು ನನ್ನ ಫೋಟೋಕ್ಕೆ ಯಾರೂ ನೆಟಿಗೆ ಮುರಿದಿರಲಿಲ್ಲ.

ಆಗಲೇ ಬೋಳಿಸಿಕೊಂಡು ಊರಿಗೆ ಹೋಗಬಹುದಿತ್ತಲ್ಲ ಎಂದು ನೀವು ಕೇಳಬಹುದು. ಯಾವ ಮುಖ ಹೊತ್ತುಕೊಂಡು ಹೋಗಲಿ? ಅಪ್ಪನ ಸರತಿ ತಪ್ಪಿಸಿ, ಪಾತ್ರ ತಪ್ಪಿದ ಮೇಲೆ ಬಂದೆ ಅನ್ನಲೇ? ವರ್ಷದ ಶ್ರಾದ್ಧಗಳಿಗೆ ಹೋದೆ, ತಮ್ಮನ ಹಿಂದೆ ಕೂತೆ, ಎದ್ದು ಬಂದೆ. ಪ್ರತಿ ಸಲ ಹೊರಡುವಾಗ ಅವ್ವನ ಕಾಲು ಮುಟ್ಟಿ, ಬೇಕೆಂದೇ ಒಂದು ಗಳಿಗೆ ಹೆಚ್ಚು ಬಗ್ಗಿರುತ್ತಿದ್ದೆ. "ಹುಷಾರಾಗಿ ಹೋಗು," ಎನ್ನುತ್ತಿದ್ದಳು.

ಮೂರನೆಯ ಶ್ರಾದ್ಧವಾದ ಮೇಲೆ ಒಂದು ಸಿನಿಮಾ ಬಂತು. ನಿರ್ದೇಶಕ ಚಿಕ್ಕ ವಯಸ್ಸಿನವ, ನಮ್ಮ ಕಡೆಯ ಕಥೆ, ಮುದ್ದೇಬಿಹಾಳದ ಹತ್ತಿರ ಕೃಷ್ಣೆಯ ದಂಡೆಯಲ್ಲಿ ಚಿತ್ರೀಕರಣ. ಎರಡು ದಿನದ ಕೆಲಸ. "ತಂದೆ ಸತ್ತಿರ್ತಾರೆ ಸರ್. ನೀವು ಹಿರಿಮಗ, ಹೀರೋ ನಿಮ್ಮ ತಮ್ಮ. ಹೊಳೆ ದಂಡೆ ಮೇಲೆ ನಿಮ್ಮ ತಲೆ ಮೀಸೆ ತೆಗಿಸೋದನ್ನ ನಿಜವಾಗ್ಲೂ ಶೂಟ್ ಮಾಡ್ಬೇಕು. ನಿಮಗೆ ಓಕೆ ನಾ?" ಎಂದ. ಯೋಚಿಸುವ ಮೊದಲೇ ನನ್ನ ಬಾಯಿ "ಆಯ್ತು ಸರ್" ಎಂದುಬಿಟ್ಟಿತ್ತು. ಇಪ್ಪತ್ತೆರಡು ವರ್ಷದ ಚಾಳಿ. ಅವಕಾಶ ಎಂದ ಕೂಡಲೇ ಈ ನಾಲಿಗೆ ಯಾರ ಅಪ್ಪಣೆಗೂ ಕಾಯುವುದಿಲ್ಲ.

ದಂಡೆಯ ಮೇಲೆ ಕೂತೆ. ಕ್ಷೌರಕ್ಕೆ ತಾಳಿಕೋಟೆಯ ನಿಜವಾದ ಹಡಪದವನನ್ನೇ ಕರೆಸಿದ್ದರು. ತಲೆಗೆ ನೀರು ತಟ್ಟಿದಾಗ ತಣ್ಣಗೆ ಬೆನ್ನಿಗೆ ಇಳಿಯಿತು. ಕತ್ತಿ ಮೀಸೆಗೆ ಬಂದಾಗ ಉಣ್ಣೆ ಮೀಸೆ, ಅಂಟಿನ ವಾಸನೆ, ಅಪ್ಪನ ಬೆರಳು, ಎಲ್ಲ ಒಮ್ಮೆಲೇ ನುಗ್ಗಿ ಬಂದವು. ನಗಬ್ಯಾಡ ಎಂದಿದ್ದ ಅವನು. ನಾನು ಅತ್ತೆ. ಕ್ಯಾಮೆರಾ ಇದೆ ಎಂಬುದನ್ನೂ ಮರೆತು, ಹೆಂಗಸರಂತೆ ಮಕ್ಕಳಂತೆ ಬಿಕ್ಕಿ ಬಿಕ್ಕಿ ಅತ್ತೆ. ಕಟ್ ಎಂದ ಮೇಲೂ ನಿಲ್ಲಲಿಲ್ಲ. ಯೂನಿಟ್ಟೆಲ್ಲ ಚಪ್ಪಾಳೆ ತಟ್ಟಿತು. "ಗ್ಲಿಸರಿನ್ ಇಲ್ದೇನೇ! ಏನ್ ಸರ್ ನೀವು!" ಎಂದು ನಿರ್ದೇಶಕ ತಬ್ಬಿಕೊಂಡ. ಮಾನಿಟರಿನಲ್ಲಿ ತೋರಿಸಿದರು. ಫೋಕಸ್ಸು ಮುಂದೆ ನಿಂತ ನಾಯಕನ ಮೇಲಿತ್ತು. ಅವನ ಭುಜದ ಹಿಂದೆ ಮಸುಕಾಗಿ ಏನೋ ಒಂದು ಬೆಳ್ಳಗೆ ಅಲ್ಲಾಡುತ್ತಿತ್ತು, ಅದು ನನ್ನ ತಲೆ.

ಬಾಗೇವಾಡಿಗೆ ಹೋಗದೆ ನೇರ ಬೆಂಗಳೂರಿಗೆ ಬರುವುದೆಂದೇ ಇದ್ದೆ. ಆದರೆ ಸುದ್ದಿ ಮುಟ್ಟಿತ್ತು. "ಇಷ್ಟ ಹತ್ರ ಬಂದೀ ಅಂತ ಅವ್ವಗ ಗೊತ್ತಾಗೇದ. ಬಂದು ಹೋಗು," ಎಂದು ತಮ್ಮ ಫೋನ್ ಮಾಡಿದ. ಟೊಪ್ಪಿಗೆ ಹಾಕಿಕೊಂಡು ಮಧ್ಯಾಹ್ನದ ಬಸ್ಸು ಹತ್ತಿದೆ. ದಾರಿಯುದ್ದಕ್ಕೂ ಒಂದು ಕೆಟ್ಟ ಯೋಚನೆ ಬರುತ್ತಿತ್ತು, ಬರೆಯಲೂ ನಾಚಿಕೆ. ಅಪ್ಪನಿಗಾಗಿಯೇ ತೆಗೆಸಿದೆ, ತಡವಾಯಿತು ಅವ್ವಾ, ಎಂದು ಹೇಳಿಬಿಟ್ಟರೆ? ಅವಳು "ಹೋಗ್ಲಿ ಬಿಡು" ಎಂದುಬಿಟ್ಟರೆ?

ಅವ್ವ ಜಗಲಿಯ ಮೇಲೆ ಹೂಬತ್ತಿ ಹೊಸೆಯುತ್ತ ಕೂತಿದ್ದಳು. ಟೊಪ್ಪಿಗೆಯ ಕೆಳಗೆ ಮೀಸೆಯಿಲ್ಲದ ಮುಖ ಮೊದಲು ಗುರುತು ಹತ್ತಲಿಲ್ಲ. ಹತ್ತಿದ ಮೇಲೆ ಕೈಯಲ್ಲಿದ್ದ ಅರಳೆ ಬಿತ್ತು.

"ಯಾರು ಹೋದ್ರೋ? ಸೋಲಾಪುರದಾಗ ಏನರ ಆತೇನು?"

ನೋಡಿ, ಅಪ್ಪನಿಗಾಗಿ ಇರಬಹುದೆಂದು ಅವಳಿಗೆ ಹೊಳೆಯಲೇ ಇಲ್ಲ. ನಾನು ಟೊಪ್ಪಿಗೆ ತೆಗೆದು ಕೈಯಲ್ಲಿ ಹಿಡಿದೆ.

"ಯಾರೂ ಹೋಗಿಲ್ಲ ಅವ್ವಾ. ಸಿನಿಮಾಕ್ಕ ತೆಗಿಸೀನಿ."

"ಏನು ಪಾತ್ರ?"

ಇಷ್ಟು ವರ್ಷ ಸುಳ್ಳು ಮುಖ ಮಾಡಿ ಬದುಕಿದವನಿಗೆ ಆಗ ಒಂದು ಸುಳ್ಳು ಸಿಗಲಿಲ್ಲ. "ಅಪ್ಪ ತೀರಿಕೊಂಡಿರ್ತಾನ. ನಾ ಹಿರೀಮಗಾ," ಎಂದೆ.

ಅವ್ವ ನನ್ನನ್ನೇ ನೋಡಿದಳು. ಸಿಟ್ಟು ಬರಲಿ ಎಂದು ಕಾದೆ, ಬರಲಿಲ್ಲ. "ಕ್ಷೌರ ಮಾಡಿಸ್ಕೊಂಡು ಹಂಗಽ ಒಳಗ ಬರಬಾರ್ದು. ಹಿತ್ತಲದಾಗ ನೀರು ಅವ, ಸ್ನಾನ ಮಾಡಿ ಬಾ," ಎಂದಳು. ಮಾಡಿ ಬಂದೆ. ಹಸಿ ತಲೆಯಲ್ಲಿ ಅವಳ ಮುಂದೆ ಕೂತೆ. ಅವಳು ಬಿದ್ದ ಅರಳೆ ಎತ್ತಿಕೊಂಡು, ಬೀಜ ಬಿಡಿಸುತ್ತ, ಸಹಜವಾಗಿ ಕೇಳಿದಳು:

"ಎಷ್ಟು ದಿನಾ ಹಿಡೀತದ, ಮತ್ತ ಬರ್ಲಿಕ್ಕೆ?"

"ಎರಡು ಮೂರು ತಿಂಗಳಾ."

"ಅಷ್ಟಽ?" ಎಂದಳು ಅವ್ವ. ಮತ್ತೆ ಬತ್ತಿ ಹೊಸೆಯತೊಡಗಿದಳು.